ಯಾರ ಮುಖ ನೆನಪಿನಲ್ಲಿದೆ?

ಕಳೆದ ವರ್ಷ ತರಗತಿಯಲ್ಲಿ ವೀರಗಲ್ಲುಗಳ ವಿಷಯವಾಗಿ ಪಾಠ ಹೇಳುತ್ತಿದ್ದೆ. ಮೂರು ಅಂತಸ್ತಿನ ಕಲ್ಲು. ಕೆಳಗೆ ಕಾಳಗ, ನಡುವೆ ವೀರನನ್ನು ಎತ್ತಿಕೊಂಡು ಹೋಗುವ ಅಪ್ಸರೆಯರು, ಮೇಲೆ ಶಿವಸನ್ನಿಧಿ. ಹತ್ತಾರು ಸಲ ಹೇಳಿ ನನಗೆ ಬಾಯಿಪಾಠವಾಗಿರುವ ವಿಷಯ. ಹಿಂದಿನ ಬೆಂಚಿನ ಹುಡುಗನೊಬ್ಬ ಎದ್ದು, "ಈಗ ಯಾಕೆ ಸಾರ್ ಇಂಥ ಕಲ್ಲು ನಿಲ್ಲಿಸೋದಿಲ್ಲ?" ಎಂದ. ನಾನು ಉತ್ತರ ಹುಡುಕುತ್ತಿರುವಷ್ಟರಲ್ಲಿ ಅವನ ಪಕ್ಕದವನು, "ಈಗ ಫೋಟೋ ಇದೆಯಲ್ಲೋ" ಎಂದುಬಿಟ್ಟ. ತರಗತಿ ನಕ್ಕಿತು, ನಾನೂ ನಕ್ಕೆ. ನಕ್ಕು ಪಾಠ ಮುಂದುವರಿಸಬಹುದಾಗಿತ್ತು. ಆದರೆ ಉಪಾಧ್ಯಾಯನ ಚಪಲ ಸುಮ್ಮನಿರಗೊಡಲಿಲ್ಲ. "ಹಾಗಾದರೆ 2008ರ ನವೆಂಬರ್ 26ರಂದು ಮುಂಬಯಿಯಲ್ಲಿ ನಡೆಯಿತಲ್ಲ, ಅದಕ್ಕೆ ನಿಮ್ಮ ಫೋಟೋ ಯಾವುದು, ಹೇಳಿ ನೋಡೋಣ" ಎಂದೆ.

ಆ ರಾತ್ರಿ ಈ ಹುಡುಗರೆಲ್ಲ ತೊದಲು ಮಾತಿನ ಮಕ್ಕಳಾಗಿದ್ದವರು. ಆದರೂ ಉತ್ತರಕ್ಕೆ ತಡವಾಗಲಿಲ್ಲ. ಬೆನ್ನಿಗೆ ಚೀಲ, ಕೈಯಲ್ಲಿ ಬಂದೂಕು, ಕಡುಬಣ್ಣದ ಅಂಗಿ, ರೈಲ್ವೆ ಸ್ಟೇಷನ್ನಿನಲ್ಲಿ ನಡೆದು ಬರುತ್ತಿರುವ ಒಬ್ಬ ಯುವಕ. ನಾಲ್ಕಾರು ಮಂದಿ ಒಂದೇ ಚಿತ್ರವನ್ನು ವರ್ಣಿಸಿದರು. ಅವನ ಹೆಸರನ್ನು ಇಡೀ ತರಗತಿ ಒಕ್ಕೊರಲಿನಿಂದ ಹೇಳಿತು. "ಸರಿ, ಆ ಸ್ಟೇಷನ್ನಿನಲ್ಲಿ ಸತ್ತವರು ಯಾರು?" ಎಂದು ಕೇಳಿದೆ. ಮೌನ. ಕೊನೆಗೆ ಒಬ್ಬ ಹುಡುಗಿ, "ಸಂದೀಪ್ ಉನ್ನಿಕೃಷ್ಣನ್, ಸಾರ್" ಎಂದಳು. ಬೆಂಗಳೂರಿನ ಹುಡುಗಿ, ಅವಳಿಗೆ ಆ ಹೆಸರು ತಿಳಿದಿರುವುದು ಸಹಜ, ಸಂತೋಷದ ಸಂಗತಿಯೂ ಹೌದು. ಆದರೆ ಮೇಜರ್ ಸಂದೀಪ್ ಪ್ರಾಣ ಬಿಟ್ಟದ್ದು ಸ್ಟೇಷನ್ನಿನಲ್ಲಲ್ಲ, ತಾಜ್ ಹೋಟೆಲಿನಲ್ಲಿ, ಎರಡು ದಿನಗಳ ನಂತರ. ಸ್ಟೇಷನ್ನಿನಲ್ಲಿ ಸತ್ತವರು 58 ಮಂದಿ. ಇದನ್ನು ಹುಡುಗಿಗೆ ತಿದ್ದಿ ಹೇಳುವಾಗ ನನಗೇ ಒಂದು ಸಂಗತಿ ಹೊಳೆದು ಮಾತು ತಡವರಿಸಿತು. ಆ 58 ಜನರಲ್ಲಿ ಒಬ್ಬರ ಹೆಸರಾದರೂ ನನಗೆ ತಿಳಿದಿರಲಿಲ್ಲ. ಕೊಂದವನ ಮುಖ ಮಾತ್ರ ಕಣ್ಣಿಗೆ ಕಟ್ಟಿದಂತಿತ್ತು, ಅವನು ಕಾಲು ಎತ್ತಿಡುವ ಭಂಗಿಯ ಸಮೇತ.

ಇದು ತಪ್ಪೆ? ತಪ್ಪಾದರೆ ಯಾರ ತಪ್ಪು? ನೆನಪು ಎಂಬುದು ನಾವು ಹೇಳಿದಂತೆ ಕೇಳುವ ಆಳಲ್ಲ. ಬೇಕಾದದ್ದನ್ನು ಮರೆತು ಬೇಡವಾದದ್ದನ್ನು ಹೊತ್ತು ತರುವುದೇ ಅದರ ಸ್ವಭಾವ. ಅದಕ್ಕೆ ನೀತಿಯ ಕಟ್ಟಳೆ ಹಾಕುವುದು ಸಾಧ್ಯವೇ ಎಂಬ ಅನುಮಾನ ನನಗೂ ಇದೆ. ಆದರೂ ಆ ದಿನದಿಂದ ಈ ಪ್ರಶ್ನೆ ನನ್ನನ್ನು ಬಿಟ್ಟಿಲ್ಲ. ಆ ಯುವಕನ ಹೆಸರನ್ನು ಬರೆಯದೆ ಈ ಲೇಖನವನ್ನು ಮುಗಿಸಬಹುದೇ ಎಂದು ನೋಡುತ್ತಿದ್ದೇನೆ. ಇದು ಹುಡುಗಾಟದಂತೆ ಕಂಡೀತು. ಬರೆಯದೆ ಬಿಟ್ಟರೂ ವಾಚಕರ ಮನಸ್ಸಿನಲ್ಲಿ ಅದು ಈಗಾಗಲೇ ಮೂಡಿರುತ್ತದೆ ಎಂಬುದನ್ನು ಬಲ್ಲೆ.

ಮೊದಲು ಆ ಚಿತ್ರವನ್ನು ತೆಗೆದವರ ಋಣವನ್ನು ಒಪ್ಪಿಕೊಳ್ಳಬೇಕು. 'ಮುಂಬಯಿ ಮಿರರ್' ಪತ್ರಿಕೆಯ ಛಾಯಾಚಿತ್ರ ವಿಭಾಗದ ಸಂಪಾದಕರಾಗಿದ್ದ ಸೆಬಾಸ್ಟಿಯನ್ ಡಿಸೋಜ ಅವರ ಕಚೇರಿ ಸ್ಟೇಷನ್ನಿನ ಎದುರಿಗೇ ಇತ್ತು. ಗುಂಡಿನ ಸುದ್ದಿ ಬಂದೊಡನೆ ಎಲ್ಲರೂ ಹೊರಗೆ ಓಡುತ್ತಿದ್ದ ದಿಕ್ಕಿಗೆ ಎದುರಾಗಿ ಅವರು ಕ್ಯಾಮೆರಾ ಹಿಡಿದು ಒಳಕ್ಕೆ ಓಡಿದರು. ನಿಂತಿದ್ದ ರೈಲುಡಬ್ಬಿಯ ಮರೆಯಿಂದ, ಕಂಬದ ಮರೆಯಿಂದ ಚಿತ್ರ ತೆಗೆದರು. ಆ ಚಿತ್ರಗಳು ನ್ಯಾಯಾಲಯದಲ್ಲಿ ಸಾಕ್ಷ್ಯವಾದವು. ಅವರು ಖುದ್ದಾಗಿ ಹೋಗಿ ಸಾಕ್ಷಿ ನುಡಿದರು. 2010ರ ಮೇ ತಿಂಗಳಲ್ಲಿ ಮರಣದಂಡನೆಯ ತೀರ್ಪು ಬಂತು. 2012ರ ಆಗಸ್ಟಿನಲ್ಲಿ ಸುಪ್ರೀಂ ಕೋರ್ಟು ಅದನ್ನು ಎತ್ತಿಹಿಡಿಯಿತು. ಅದೇ ವರ್ಷದ ನವೆಂಬರ್ 21ರಂದು ಪುಣೆಯ ಯರವಡಾ ಜೈಲಿನಲ್ಲಿ ಶಿಕ್ಷೆ ಜಾರಿಯಾಯಿತು. ನಾನು ಕೂತಲ್ಲಿಂದ ಎದ್ದು ಪಕ್ಕದ ಬೀದಿಯ ಜಗಳ ಬಿಡಿಸಲು ಹೋಗುವವನಲ್ಲ. ಅಂಥವನು ಇಂಥವರ ಕೆಲಸದಲ್ಲಿ ತಪ್ಪು ಹುಡುಕಿದರೆ ಅದು ದುರಹಂಕಾರವಾಗುತ್ತದೆ. ನನ್ನ ಪ್ರಶ್ನೆ ಅವರನ್ನು ಕುರಿತದ್ದಲ್ಲ. ಚಿತ್ರ ಅವರ ಕೈಬಿಟ್ಟು ನಮ್ಮ ಕೈಗೆ ಬಂದ ಮೇಲೆ ಏನಾಯಿತು ಎಂಬುದನ್ನು ಕುರಿತದ್ದು.

ನ್ಯಾಯಾಲಯಕ್ಕೆ ಬೇಕಾದ ನೆನಪು ಬೇರೆ, ಲೋಕಕ್ಕೆ ಬೇಕಾದ ನೆನಪು ಬೇರೆ. ನ್ಯಾಯಾಲಯ ಕೇಳುವುದು 'ಯಾರು ಮಾಡಿದರು?' ಎಂದು. ಅದಕ್ಕೆ ಕೊಂದವನ ಮುಖವೇ ಬೇಕು. ಸಂಶಯಕ್ಕೆ ಎಡೆಯಿಲ್ಲದಂತೆ ಬೇಕು. ತೀರ್ಪು ಬಂದು ಶಿಕ್ಷೆ ಮುಗಿದ ಮೇಲೆ ಆ ಮುಖದಿಂದ ಅದಕ್ಕೆ ಆಗಬೇಕಾದ್ದು ಏನೂ ಉಳಿಯುವುದಿಲ್ಲ. ಕಡತ ಕಟ್ಟಿ ಇಡುತ್ತಾರೆ. ನಾವಾದರೋ ಆ ಕಡತದಿಂದ ಒಂದು ಹಾಳೆಯನ್ನು ಕಿತ್ತು ಗೋಡೆಗೆ ಅಂಟಿಸಿದ್ದೇವೆ. ವರ್ಷವರ್ಷವೂ ನವೆಂಬರ್ ಬಂದಾಗ ಪತ್ರಿಕೆಗಳಲ್ಲಿ ಅದೇ ಚಿತ್ರ. ಆ ದುರಂತದ ಹೆಸರು ಹೇಳಿದರೆ ಅದೇ ಚಿತ್ರ. ಸಾಕ್ಷಿಯಾಗಿದ್ದದ್ದು ಲಾಂಛನವಾಯಿತು. ಈ ಬದಲಾವಣೆಯನ್ನು ಮಾಡಬೇಕೆಂದು ಯಾರೂ ತೀರ್ಮಾನಿಸಲಿಲ್ಲ. ಯಾರೂ ತೀರ್ಮಾನಿಸದೆ ನಡೆದುಹೋಗುವ ಕೆಲಸಗಳಲ್ಲಿಯೇ ನೀತಿಯ ಪ್ರಶ್ನೆ ಬಹಳ ಬಿಗಿಯಾಗಿ ಸಿಕ್ಕಿಕೊಂಡಿರುತ್ತದೆ ಎಂದು ನನಗೆ ತೋರುತ್ತದೆ.

ಆ ಸ್ಟೇಷನ್ನನ್ನು ನಾನು ಕಂಡವನು. ಬೆಂಗಳೂರಿಗೆ ಬರುವ ಉದ್ಯಾನ್ ಎಕ್ಸ್‌ಪ್ರೆಸ್ ಅಲ್ಲಿಂದಲೇ ಹೊರಡುತ್ತದೆ. ಎಳೆಯ ವಯಸ್ಸಿನಲ್ಲಿ ಒಮ್ಮೆ ಬೆಳಗಿನ ಗಾಡಿಗಾಗಿ ರಾತ್ರಿಯೇ ಬಂದು, ದೂರದ ಊರಿಗೆ ಹೋಗುವವರು ಕಾಯುವ ಆ ಹಜಾರದಲ್ಲಿ ಕಾಲ ಕಳೆದಿದ್ದೆ. ನೆಲದ ಮೇಲೆ ವೃತ್ತಪತ್ರಿಕೆ ಹಾಸಿ ಮಲಗಿದ್ದ ಸಂಸಾರಗಳು. ಹಗ್ಗ ಕಟ್ಟಿದ ಟ್ರಂಕುಗಳು. ಮಗುವಿನ ತಲೆಗೆ ಒತ್ತಾಗಿ ಇಟ್ಟ ಬಟ್ಟೆಯ ಗಂಟು. ಯಾರೋ ಬಿಚ್ಚಿದ ರೊಟ್ಟಿಯ ಪೊಟ್ಟಣದ ಉಪ್ಪಿನಕಾಯಿ ವಾಸನೆ. ಮುಂಬಯಿಯಲ್ಲಿ ದುಡಿದು ವರ್ಷಕ್ಕೊಮ್ಮೆ ಊರಿಗೆ ಹೋಗುವ ಜನ ಅವರು. ನನಗೆ ಹಿಂದಿ ಅಷ್ಟಕ್ಕಷ್ಟೆ. ಆದರೂ ಪಕ್ಕದ ಮುದುಕರೊಬ್ಬರು ನನ್ನ ಪೆಟ್ಟಿಗೆಯನ್ನು ತಾವು ನೋಡಿಕೊಳ್ಳುವುದಾಗಿ ಕೈಸನ್ನೆ ಮಾಡಿ, ನನ್ನನ್ನು ಟೀ ಕುಡಿದು ಬರಲು ಕಳಿಸಿದರು. ನವೆಂಬರ್ 26ರ ರಾತ್ರಿ ಒಂಬತ್ತು ದಾಟಿದ ಮೇಲೆ ಇಬ್ಬರು ಹಂತಕರು ಬಂದು ಗುಂಡಿನ ಮಳೆ ಕರೆದದ್ದು ಇಂಥ ಜನರ ಮೇಲೆ. ಹಿಂದೂಗಳು, ಮುಸಲ್ಮಾನರು, ಹೆಂಗಸರು, ಮಕ್ಕಳು. ಆ ಚಿತ್ರದಲ್ಲಿ ಇವರಿಲ್ಲ. ಅದು ಚಿತ್ರದ ದೋಷವಲ್ಲ. ಬದುಕಿದ್ದವರು ಓಡಿದ್ದರು, ಸತ್ತವರು ನೆಲದ ಮೇಲಿದ್ದರು, ನಡೆಯುತ್ತಿದ್ದವನು ಅವನೊಬ್ಬನೇ.

ಆ ದುರಂತದ ಇನ್ನೊಂದು ಚಿತ್ರವೆಂದರೆ ಹೊಗೆ ಕಾರುವ ತಾಜ್ ಹೋಟೆಲಿನ ಗುಮ್ಮಟ. 1903ರಲ್ಲಿ ಬಾಗಿಲು ತೆರೆದ ಆ ಕಟ್ಟಡ ಸಮುದ್ರಕ್ಕೆ ಮುಖ ಮಾಡಿ ನಿಂತಿದೆ, ಎದುರಿಗೆ ಬಯಲಿದೆ, ಎಲ್ಲಿಂದ ನೋಡಿದರೂ ಚಿತ್ರವಾಗುವ ಕಟ್ಟಡ. ಸುಮಾರು ಅರವತ್ತು ಗಂಟೆಗಳ ಕಾಲ ಲೋಕದ ಕ್ಯಾಮೆರಾಗಳೆಲ್ಲ ಅದರತ್ತ ನೆಟ್ಟಿದ್ದವು. ಮೂರು ದಿನಗಳಲ್ಲಿ ಒಟ್ಟು ಸತ್ತವರು 166 ಮಂದಿ. ಅವರಲ್ಲಿ ಮೂರನೆಯ ಒಂದು ಪಾಲಿಗೂ ಹೆಚ್ಚು ಜನ ಸ್ಟೇಷನ್ನಿನಲ್ಲಿ ಸತ್ತವರು. ಆದರೂ ನಮ್ಮ ಮನಸ್ಸಿನಲ್ಲಿ ಉರಿಯುತ್ತಿರುವುದು ಗುಮ್ಮಟ. ಇದಕ್ಕೆ ಶ್ರೀಮಂತರ ಮೇಲಿನ ಪಕ್ಷಪಾತವೇ ಕಾರಣವೆಂದು ಆಗಲೇ ಹೇಳಿದವರುಂಟು. ಅದರಲ್ಲಿ ಸತ್ಯವಿಲ್ಲದಿಲ್ಲ. ಆದರೆ ಅಷ್ಟೇ ಎಂದು ಹೇಳಿ ಕೈತೊಳೆದುಕೊಳ್ಳುವುದು ಸುಲಭದ ದಾರಿ. ಇನ್ನೊಂದು ಕಾರಣವೂ ಇದೆ: ಸ್ಟೇಷನ್ನಿನ ಕೊಲೆ ಬೇಗ ಮುಗಿದುಹೋಯಿತು, ಗುಮ್ಮಟದ ಬೆಂಕಿ ನಿಧಾನವಾಗಿ ಉರಿಯಿತು. ಕ್ಯಾಮೆರಾ ಎಂಬುದು ತಡವಾಗಿ ಬರುವ ನೆಂಟ. ನಿಧಾನವಾಗಿ ನಡೆಯುವುದಷ್ಟೇ ಅದಕ್ಕೆ ಸಿಕ್ಕುತ್ತದೆ.

ಈ ಮಾತಿಗೆ ಅದೇ ಮುಂಬಯಿಯಲ್ಲಿ ಇನ್ನೊಂದು ನಿದರ್ಶನವಿದೆ. 2006ರ ಜುಲೈ 11ರ ಸಂಜೆ, ಜನ ಕಚೇರಿಯಿಂದ ಮನೆಗೆ ಹಿಂತಿರುಗುವ ಹೊತ್ತಿನಲ್ಲಿ, ಲೋಕಲ್ ರೈಲುಗಳಲ್ಲಿ ಏಳು ಬಾಂಬುಗಳು ಸಿಡಿದವು. ಸತ್ತವರು 180ಕ್ಕೂ ಹೆಚ್ಚು. ಎಂದರೆ 2008ರ ಸಾವಿಗಿಂತ ಹೆಚ್ಚು. ಆ ದಿನದ ಚಿತ್ರ ಯಾವುದು ಎಂದು ನನ್ನನ್ನೇ ಕೇಳಿಕೊಂಡೆ. ಸಿಗಿದುಹೋದ ಒಂದು ರೈಲುಡಬ್ಬಿ ಮಸುಕುಮಸುಕಾಗಿ ಬರುತ್ತದೆ. ಮುಖ ಒಂದೂ ಬರುವುದಿಲ್ಲ. ನನ್ನ ವಿದ್ಯಾರ್ಥಿಗಳಲ್ಲಿ ಹಲವರಿಗೆ ಆ ಘಟನೆಯೇ ತಿಳಿದಿರಲಿಲ್ಲ. ಬಾಂಬಿಗೆ ಮುಖವಿಲ್ಲ, ಅದು ಸಿಡಿಯುವ ಗಳಿಗೆಯಲ್ಲಿ ಎದುರಿಗೆ ಕ್ಯಾಮೆರಾ ಇರುವುದಿಲ್ಲ. ಆದುದರಿಂದ ಅಲ್ಲಿ ಸತ್ತವರು ಎರಡು ಸಲ ಸತ್ತಂತಾಯಿತು. ಸಾವಿನ ಲೆಕ್ಕಕ್ಕೂ ನೆನಪಿನ ಲೆಕ್ಕಕ್ಕೂ ಸಂಬಂಧವೇ ಇಲ್ಲ ಎನ್ನುವುದು ಇಷ್ಟು ಸ್ಪಷ್ಟವಾಗಿ ಬೇರೆಲ್ಲೂ ನನಗೆ ಕಂಡಿಲ್ಲ.

ಕೊಲೆ ಮಾಡಲು ಬಂದವರಿಗೆ ಈ ಗಣಿತ ನಮಗಿಂತ ಚೆನ್ನಾಗಿ ಗೊತ್ತು. ಯುದ್ಧದಲ್ಲಿ ಕೊಲ್ಲುವವನು ಎದುರಿನವನನ್ನು ಇಲ್ಲವಾಗಿಸಲು ಕೊಲ್ಲುತ್ತಾನೆ. ಭಯೋತ್ಪಾದಕ ಕೊಲ್ಲುವುದು ಉಳಿದವರು ನೋಡಲೆಂದು. ಸತ್ತವನ ಗುರುತು ಅವನಿಗೆ ಬೇಕಿಲ್ಲ. ಅಲ್ಲಿ ಯಾರಿದ್ದರೂ ಆದೀತು. ನೋಡುವವನು ಮಾತ್ರ ಬೇಕೇ ಬೇಕು. 2008ರಲ್ಲಿ ಇದು ಬರಿಯ ಮಾತಾಗಿ ಉಳಿಯಲಿಲ್ಲ. ಟೆಲಿವಿಷನ್ನಿನವರು ಭದ್ರತಾಪಡೆಗಳ ಚಲನವಲನವನ್ನು ನೇರವಾಗಿ ತೋರಿಸುತ್ತಿದ್ದರು. ಗಡಿಯಾಚೆ ಕುಳಿತಿದ್ದ ಸೂತ್ರಧಾರರು ಅದನ್ನು ನೋಡಿ ಟೆಲಿಫೋನಿನಲ್ಲಿ ಹಂತಕರಿಗೆ ಸೂಚನೆ ಕೊಡುತ್ತಿದ್ದರು. 2012ರ ತೀರ್ಪಿನಲ್ಲಿ ಸುಪ್ರೀಂ ಕೋರ್ಟು ಈ ವಿಷಯವಾಗಿ ಚಾನೆಲ್ಲುಗಳನ್ನು ಬಹಳ ಕಟುವಾಗಿ ಟೀಕಿಸಿತು. ಅಂದಮೇಲೆ ನೋಡುವುದು ಎಂಬ ಕ್ರಿಯೆ ನಾವು ತಿಳಿದಷ್ಟು ನಿರಪರಾಧಿಯಲ್ಲ. ಆ ಮೂರು ದಿನ ನಾನೂ ಟೆಲಿವಿಷನ್ನಿನ ಮುಂದಿನಿಂದ ಏಳಲಿಲ್ಲ. ಮರುಕದಿಂದ ನೋಡಿದೆನೋ ಕುತೂಹಲದಿಂದ ನೋಡಿದೆನೋ ಎಂದು ಈಗ ಕೇಳಿಕೊಂಡರೆ ಧೈರ್ಯವಾಗಿ ಉತ್ತರ ಹೇಳಲಾರೆ. ಊಟದ ತಟ್ಟೆ ಕೈಯಲ್ಲಿತ್ತು ಎಂಬುದು ಮಾತ್ರ ಜ್ಞಾಪಕವಿದೆ.

ಹಾಗಾದರೆ ಕೊಂದವನ ಚಿತ್ರದ ಬದಲು ಸತ್ತವರ ಚಿತ್ರವನ್ನು ಅಚ್ಚು ಮಾಡಬೇಕೆ? ಇದು ಮೇಲುನೋಟಕ್ಕೆ ನ್ಯಾಯವಾಗಿ ಕಾಣುತ್ತದೆ. ಆದರೆ ಆ ದಾರಿಯಲ್ಲಿ ನಡೆದವರ ಅನುಭವ ಬೇರೆಯಾಗಿದೆ. 2004ರ ಮಾರ್ಚ್ 11ರಂದು ಮ್ಯಾಡ್ರಿಡ್ ನಗರದ ರೈಲುಗಳಲ್ಲಿ ಬಾಂಬುಗಳು ಸಿಡಿದು 190ಕ್ಕೂ ಹೆಚ್ಚು ಜನ ಸತ್ತರು. 'ಎಲ್ ಪಾಯಿಸ್' ಪತ್ರಿಕೆಗಾಗಿ ಪಾಬ್ಲೊ ಟೊರೆಸ್ ಗೆರೆರೊ ತೆಗೆದ ಚಿತ್ರ ಲೋಕಕ್ಕೆಲ್ಲ ಹೋಯಿತು. ಸೀಳಿದ ರೈಲು, ಹಳಿಗಳ ಮೇಲೆ ಗಾಯಾಳುಗಳು, ನೆರವಿಗೆ ಬಂದವರು; ಮುಂಭಾಗದಲ್ಲಿ, ಹಳಿಯ ಪಕ್ಕದ ಜಲ್ಲಿಕಲ್ಲಿನ ಮೇಲೆ, ಯಾರದೋ ದೇಹದ ಒಂದು ತುಂಡು. ಇಂಗ್ಲೆಂಡಿನ ಪತ್ರಿಕೆಗಳಿಗೆ ಇಕ್ಕಟ್ಟಾಯಿತು. ಒಂದು ಪತ್ರಿಕೆ ಅದರ ಕೆಂಪು ಬಣ್ಣವನ್ನು ಬೂದಿಯ ಬಣ್ಣ ಮಾಡಿತು. ಕೆಲವರು ಅದನ್ನು ಅಳಿಸಿ ಆ ಜಾಗದಲ್ಲಿ ಜಲ್ಲಿಕಲ್ಲು ತುಂಬಿದರು. ವಾಚಕರು ಬೆಳಗಿನ ಕಾಫಿ ಕುಡಿಯುತ್ತ ನೋಡತಕ್ಕದ್ದಲ್ಲ ಎಂಬುದು ಅವರ ಭಾವನೆ. ಅದು ಸಭ್ಯತೆಯೇ ಸರಿ. ಆದರೆ ಒಬ್ಬ ಮನುಷ್ಯ ಇಲ್ಲಿ ಚೂರುಚೂರಾದ ಎಂಬ ಸತ್ಯಕ್ಕೆ ಉಳಿದಿದ್ದ ಒಂದೇ ಒಂದು ಗುರುತನ್ನು ಅಳಿಸಿ ಕಲ್ಲು ಹಾಕಿದರಲ್ಲ, ಅದಕ್ಕೆ ಏನೆನ್ನಬೇಕು? ನಾನು ಸಂಪಾದಕನಾಗಿದ್ದರೆ ಏನು ಮಾಡುತ್ತಿದ್ದೆ? ಬಹುಶಃ ಚಿತ್ರದ ಅಂಚನ್ನು ಕತ್ತರಿಸುತ್ತಿದ್ದೆ. ತೋರಿಸದಿರುವುದು ಒಂದು, ಇಲ್ಲದ್ದನ್ನು ಬರೆದು ತೋರಿಸುವುದು ಇನ್ನೊಂದು. ಮೊದಲನೆಯದು ಮೌನ, ಎರಡನೆಯದು ಸುಳ್ಳು. ಆದರೆ ಎರಡರಿಂದಲೂ ಸತ್ತವನಿಗೆ ಆದ ನಷ್ಟ ಒಂದೇ.

ನ್ಯೂಯಾರ್ಕಿನ ಕಥೆ ಇದಕ್ಕಿಂತ ಗಹನವಾದದ್ದು. 2001ರ ಸೆಪ್ಟೆಂಬರ್ 11ರ ಬೆಳಗ್ಗೆ 9 ಗಂಟೆ 41 ನಿಮಿಷಕ್ಕೆ, ಅಸೋಸಿಯೇಟೆಡ್ ಪ್ರೆಸ್ ಸಂಸ್ಥೆಯ ರಿಚರ್ಡ್ ಡ್ರೂ, ಉರಿಯುವ ಗೋಪುರದಿಂದ ತಲೆಕೆಳಗಾಗಿ ಬೀಳುತ್ತಿದ್ದ ಒಬ್ಬ ಮನುಷ್ಯನ ಚಿತ್ರ ತೆಗೆದರು. ಮರುದಿನ ಹಲವು ಪತ್ರಿಕೆಗಳು ಅದನ್ನು ಅಚ್ಚು ಹಾಕಿದವು, ವಾಚಕರು ಕೆರಳಿದರು. ಸಾಯುತ್ತಿರುವವನ ಕೊನೆಯ ಗಳಿಗೆಗೆ ಇಣುಕಿ ನೋಡುವುದೇ ಎಂದು ಛೀಮಾರಿ ಹಾಕಿದರು. ಚಿತ್ರ ಮರೆಯಾಯಿತು. ಅದರ ಬದಲು ಮೆರೆದದ್ದು ಮೂವರು ಅಗ್ನಿಶಾಮಕ ಸಿಬ್ಬಂದಿ ಭಗ್ನಾವಶೇಷದ ನಡುವೆ ಧ್ವಜ ಏರಿಸುವ ಚಿತ್ರ. 2002ರಲ್ಲಿ ಅದು ಅಂಚೆಚೀಟಿಯೂ ಆಯಿತು. ಒಂದು ಸಮಾಜ ತಾನು ನೆನಪಿಡಬೇಕಾದದ್ದನ್ನು ಹೀಗೆ ಆರಿಸಿಕೊಂಡಿತು. ಆರಿಸಿಕೊಳ್ಳುವ ಹಕ್ಕು ಅದಕ್ಕಿಲ್ಲವೆಂದು ದೂರದಲ್ಲಿ ಕುಳಿತು ಹೇಳುವುದು ಸರಿಯಲ್ಲ. ಆದರೆ ಬೀಳುತ್ತಿದ್ದವನು ಯಾರೆಂಬುದು ಇಂದಿಗೂ ಖಚಿತವಾಗಿಲ್ಲ. ಅವನಿರಬಹುದೇ, ಇವನಿರಬಹುದೇ ಎಂದು ಪತ್ರಕರ್ತರು ಕೆಲವು ಮನೆಗಳ ಬಾಗಿಲು ತಟ್ಟಿದಾಗ ಒಂದು ಮನೆಯವರು ಸಿಟ್ಟಿಗೆದ್ದರಂತೆ: ನಮ್ಮವನು ಹಾಗೆ ಹಾರುವವನಲ್ಲ ಎಂದು. ಬೆಂಕಿ ಅಟ್ಟಿಕೊಂಡು ಬಂದಾಗ ಕಿಟಕಿಯಿಂದ ಹೊರಬಿದ್ದದ್ದು ಆತ್ಮಹತ್ಯೆಯಲ್ಲ, ಅದೂ ಕೊಲೆಯೇ, ಎಂದು ನಗರದ ಮರಣತನಿಖೆಯ ಅಧಿಕಾರಿಗಳು ಸರಿಯಾಗಿಯೇ ನಿರ್ಣಯಿಸಿದರು. ಆದರೆ ಚಿತ್ರ ನಿರ್ಣಯವನ್ನು ಹೇಳುವುದಿಲ್ಲ. ಅದರಲ್ಲಿ ಬೆಂಕಿಯಿಲ್ಲ, ಹೊಗೆಯಿಲ್ಲ. ಗೋಪುರದ ನೇರವಾದ ಗೆರೆಗಳು, ಅವಕ್ಕೆ ಹೊಂದಿಕೊಂಡಂತೆ ಒಬ್ಬ ಮನುಷ್ಯ, ಅಷ್ಟೆ.

ಅದೇ ದಿನ ಥಾಮಸ್ ಹೆಪ್ಕರ್ ಎಂಬ ಪ್ರಸಿದ್ಧ ಛಾಯಾಚಿತ್ರಕಾರ ಬ್ರೂಕ್ಲಿನ್ನಿನ ನದೀತೀರದಲ್ಲಿ ಒಂದು ಚಿತ್ರ ತೆಗೆದ. ಐವರು ಯುವಜನರು ಬಿಸಿಲಲ್ಲಿ ಕುಳಿತು ಹರಟುತ್ತಿರುವಂತಿದೆ. ಹಿಂದೆ ನದಿಯಾಚೆ ಹೊಗೆಯ ಮೋಡ. ಅದನ್ನು ಕಂಡು ಅವನಿಗೇ ಕಸಿವಿಸಿಯಾಗಿ ವರ್ಷಗಟ್ಟಲೆ ಹೊರಗೆ ಬಿಡಲಿಲ್ಲ. 2006ರಲ್ಲಿ ಅದು ಪ್ರಕಟವಾದಾಗ, ನೋಡಿ ಈ ದೇಶದ ಯುವಕರ ನಿರ್ಲಕ್ಷ್ಯ, ಎಂದು ಒಬ್ಬ ಅಂಕಣಕಾರ ಬರೆದ. ಚಿತ್ರದಲ್ಲಿದ್ದವನೇ ಒಬ್ಬ ಆಗ ಉತ್ತರ ಕೊಟ್ಟ: ನಾವು ದಿಗ್ಭ್ರಮೆಯಲ್ಲಿದ್ದೆವು, ಅದೇ ವಿಷಯ ಮಾತಾಡುತ್ತಿದ್ದೆವು, ನಮ್ಮನ್ನು ಕೇಳಿದ್ದರೆ ಹೇಳುತ್ತಿದ್ದೆವು ಎಂಬ ಅರ್ಥ ಬರುವ ಹಾಗೆ. ಬದುಕಿದ್ದವನು ಉತ್ತರ ಕೊಟ್ಟ. ಬೀಳುತ್ತಿದ್ದವನು ಕೊಡಲಾರ. ಸತ್ತವರ ಚಿತ್ರದ ವಿಷಯದಲ್ಲಿ ನಮ್ಮ ಕೈ ತಡೆಯಬೇಕಾದ್ದು ಇಲ್ಲಿಯೇ ಇರಬೇಕು.

ಕೊಂದವನ ಹೆಸರನ್ನೂ ಮುಖವನ್ನೂ ತೊಡೆದುಹಾಕುವ ಪ್ರಯತ್ನವೂ ನಡೆದಿದೆ. 2019ರ ಮಾರ್ಚಿನಲ್ಲಿ ನ್ಯೂಜಿಲೆಂಡಿನ ಕ್ರೈಸ್ಟ್‌ಚರ್ಚ್ ನಗರದ ಎರಡು ಮಸೀದಿಗಳಲ್ಲಿ 51 ಮಂದಿಯನ್ನು ಕೊಂದವನು ತನ್ನ ಕೃತ್ಯವನ್ನು ತಾನೇ ಚಿತ್ರೀಕರಿಸಿ ಜಗತ್ತಿಗೆ ನೇರವಾಗಿ ತೋರಿಸಿದ. ಕ್ಯಾಮೆರಾ ತಡವಾಗಿ ಬರುವ ನೆಂಟ ಎಂದೆನಲ್ಲ, ಅವನು ಆ ನೆಂಟನನ್ನು ಜೊತೆಯಲ್ಲಿಯೇ ಕರೆದುಕೊಂಡು ಬಂದಿದ್ದ. ಅಲ್ಲಿನ ಅಂದಿನ ಪ್ರಧಾನಿ ಜೆಸಿಂಡಾ ಆರ್ಡರ್ನ್ ತಾವು ಅವನ ಹೆಸರನ್ನು ಎಂದೂ ಉಚ್ಚರಿಸುವುದಿಲ್ಲವೆಂದು ಪಾರ್ಲಿಮೆಂಟಿನಲ್ಲಿ ಹೇಳಿದರು. ನಾನು ಆಗ ಮನಸಾರೆ ಮೆಚ್ಚಿಕೊಂಡೆ, ಈಗಲೂ ಮೆಚ್ಚುತ್ತೇನೆ. ಆದರೆ ಆ ದುರಂತ ಎಂದೊಡನೆ ನನ್ನ ಕಣ್ಣ ಮುಂದೆ ಬರುವ ಚಿತ್ರ ಯಾವುದು? ತಲೆಯ ಮೇಲೆ ವಸ್ತ್ರ ಹೊದ್ದು, ದುಃಖದ ಮುಖದಿಂದ ನಿಂತ ಅದೇ ಪ್ರಧಾನಿಯವರದು. ಹಂತಕ ಹೋದ, ಸಂತೋಷ. ಆದರೆ ಬಿಟ್ಟುಹೋದ ಜಾಗಕ್ಕೆ ಸತ್ತವರು ಬರಲಿಲ್ಲ. ಸಂತಾಪ ಹೇಳಲು ಬಂದವರು ಬಂದು ನಿಂತರು.

ಈಗ ನನ್ನ ಹುಡುಗರ ವೀರಗಲ್ಲಿಗೆ ಬರುತ್ತೇನೆ. ಫೋಟೋ ಬಂದದ್ದರಿಂದ ವೀರಗಲ್ಲು ಬೇಡವಾಯಿತು ಎಂದ ಹುಡುಗ ತಿಳಿಯದೆಯೇ ಒಂದು ದೊಡ್ಡ ಮಾತು ಆಡಿದ್ದ. ಎರಡೂ ಹಿಂಸೆಯಿಂದ ಸತ್ತ ಸಾವಿನ ಚಿತ್ರಗಳೇ. ಊರಿನ ತುರುಗಳನ್ನು ಕಳ್ಳರು ಹೊಡೆದುಕೊಂಡು ಹೋಗುವಾಗ ಅಡ್ಡ ನಿಂತು ಸತ್ತವನಿಗೆ ಕಲ್ಲು. ಶಾಸನವಿರುವ ಕಲ್ಲಿನಲ್ಲಿ ಸತ್ತವನ ಹೆಸರು, ಅವನು ಯಾರ ಮಗ, ಏತಕ್ಕಾಗಿ ಸತ್ತ, ಅವನ ಮನೆಯವರಿಗೆ ಕೊಟ್ಟ ನೆಲವೆಷ್ಟು ಎಂಬ ವಿವರ ಬರುತ್ತದೆ. ಆ ನೆಲಕ್ಕೆ ನೆತ್ತರುಗೊಡಗೆ ಎಂಬ ಹೆಸರೇ ಇತ್ತು. ತುರುಗಳ್ಳರೂ ಕಲ್ಲಿನಲ್ಲಿ ಇರುತ್ತಾರೆ, ಬಿಲ್ಲು ಹಿಡಿದು, ಕೆಳಗಿನ ಅಂತಸ್ತಿನಲ್ಲಿ. ಆದರೆ ಕಲ್ಲು ನಿಂತಿರುವುದು ಅವರಿಗಾಗಿ ಅಲ್ಲ. ಸಾಮಾನ್ಯವಾಗಿ ಅವರು ಹೆಸರಿಲ್ಲದ ಒಂದು ಗುಂಪು. ಕಲ್ಲನ್ನು ಕಡೆಯಲು ಕಾಲ ಬೇಕಾಗಿತ್ತು. ಆ ಕಾಲದಲ್ಲಿ ಮನೆಯವರೂ ಊರವರೂ ಕುಳಿತು ಏನನ್ನು ನೆನಪಿಡಬೇಕೆಂದು ತೀರ್ಮಾನಿಸುತ್ತಿದ್ದರು. ಬೆಂಗಳೂರು ಎಂಬ ಹೆಸರು ಕಾಣಸಿಗುವ ಬಹಳ ಹಳೆಯ ದಾಖಲೆ ಬೇಗೂರಿನ ಒಂದು ವೀರಗಲ್ಲು, ಸುಮಾರು 890ರದು. ಈ ಊರಿನ ಹೆಸರು ನಮಗೆ ಮೊದಲು ಕೇಳಿಸುವುದು ಒಂದು ಕಾಳಗದಲ್ಲಿ ಸತ್ತವನ ನೆನಪಿನಲ್ಲಿ ಎಂಬುದನ್ನು ಬೇಗೂರು ರಸ್ತೆಯ ವಾಹನಗಳ ನಡುವೆ ಸಿಕ್ಕಿಕೊಂಡಾಗಲೆಲ್ಲ ಯೋಚಿಸುತ್ತೇನೆ.

ಹಳೆಯದನ್ನೆಲ್ಲ ಹೊಗಳುವ ನಮ್ಮ ಕಸುಬಿನವರ ಚಟ ನನಗೂ ಉಂಟು. ಆದ್ದರಿಂದ ಇನ್ನೊಂದು ಪಕ್ಕವನ್ನೂ ಹೇಳಬೇಕು. ವೀರಗಲ್ಲು ಹೋರಾಡಿ ಸತ್ತವನಿಗೆ ಮೀಸಲು. ಹಜಾರದಲ್ಲಿ ಮಲಗಿದ್ದು ಸುಮ್ಮನೆ ಸತ್ತವರಿಗೆ ಆ ಕಾಲದಲ್ಲೂ ಕಲ್ಲು ನಿಲ್ಲುತ್ತಿರಲಿಲ್ಲ. ಕಾಳಗದಲ್ಲಿ ಸುಟ್ಟ ಊರಿನ ಮುದುಕಿ, ತುರುವಿನ ಹಿಂದೆ ಓಡಿ ಬಿದ್ದ ಕೂಸು, ಇವರು ಯಾವ ಅಂತಸ್ತಿನಲ್ಲೂ ಇಲ್ಲ. ಅಪ್ಸರೆಯರು ಅವರನ್ನು ಎತ್ತಿಕೊಂಡು ಹೋದ ಚಿತ್ರವನ್ನು ನಾನು ಕಂಡಿಲ್ಲ. ಇಂದಿಗೂ ನಾವು ಅಲ್ಲಿಂದ ಬಹಳ ದೂರ ಬಂದಂತಿಲ್ಲ. ಯಲಹಂಕದ ಕಡೆ ಹೋದರೆ ಮೇಜರ್ ಸಂದೀಪ್ ಅವರ ಹೆಸರಿನ ರಸ್ತೆಯಿದೆ. ನಗರದ ಅನೇಕ ಕಡೆ ಅವರ ಭಾವಚಿತ್ರ ಕಾಣುತ್ತದೆ. ಸಮವಸ್ತ್ರದಲ್ಲಿ, ತಿಳಿಯಾದ ಮುಖದಿಂದ ನೋಡುತ್ತಿರುವ ಆ ಚಿತ್ರ ತಾಜ್ ಹೋಟೆಲಿನದಲ್ಲ, ಸಾವಿನದಲ್ಲ. ಬದುಕಿನ ಯಾವುದೋ ಒಂದು ಸಾಧಾರಣ ದಿನದ್ದು. 2008ರ ಚಿತ್ರಗಳಲ್ಲೆಲ್ಲ ನನಗೆ ಒಪ್ಪಿಗೆಯಾದದ್ದು ಇದೊಂದೇ ಎಂದು ತೋರುತ್ತದೆ. ಸತ್ತವನನ್ನು ಅವನು ಸತ್ತ ರೀತಿಯಿಂದಲ್ಲ, ಅವನು ಇದ್ದ ರೀತಿಯಿಂದ ನೆನೆಯುವ ಚಿತ್ರ ಅದು. ಆ 58 ಜನರ ಮನೆಗಳಲ್ಲಿಯೂ ಅಂಥದೊಂದು ಚಿತ್ರ ಗೋಡೆಯ ಮೇಲೆ ಇದ್ದೀತು. ಮದುವೆಯದೋ, ರೇಷನ್ ಕಾರ್ಡಿಗೆ ತೆಗೆಸಿದ್ದೋ. ನಮ್ಮವರೆಗೆ ಅದು ಬಂದಿಲ್ಲ, ಬರಲೇಬೇಕೆಂದು ನಾವು ಕೇಳಿಯೂ ಇಲ್ಲ.

ಇದೆಲ್ಲವನ್ನೂ ಮುಂದಿನ ವಾರ ತರಗತಿಯಲ್ಲಿ ಹೇಳಲು ಹೋಗಿ ಅರ್ಧದಲ್ಲಿ ನಿಲ್ಲಿಸಿದೆ; ಪರೀಕ್ಷೆಗೆ ಬಾರದ ಮಾತು ಬಹಳವಾಯಿತೆಂದು ಹುಡುಗರ ಮುಖ ಹೇಳುತ್ತಿತ್ತು. ಆದರೆ ಎರಡು ಸಂಗತಿ ಹೇಳಿದಾಗ ಕಿವಿ ನಿಮಿರಿತು. ಒಂದು, ತುಕಾರಾಮ್ ಓಂಬಳೆಯವರದು. ಗಿರಗಾಂವ್ ಚೌಪಾಟಿಯಲ್ಲಿ ಬರಿಯ ಲಾಠಿ ಹಿಡಿದಿದ್ದ ಆ ಪೊಲೀಸಿನವರು ಹಂತಕನ ಬಂದೂಕಿನ ನಳಿಗೆಯನ್ನೇ ತಬ್ಬಿ ಹಿಡಿದು ಗುಂಡುಗಳನ್ನು ತಮ್ಮ ಮೈಮೇಲೆ ತೆಗೆದುಕೊಂಡರು. ಅವನು ಜೀವಸಹಿತ ಸಿಕ್ಕಿಬಿದ್ದದ್ದು, ಮುಂದೆ ವಿಚಾರಣೆ ಸಾಧ್ಯವಾದದ್ದು ಅದರಿಂದ. ಎರಡನೆಯದು, ಸ್ಟೇಷನ್ನಿನಲ್ಲಿ ಗಾಡಿಗಳ ವೇಳೆ ಸಾರುವ ಕೆಲಸದಲ್ಲಿದ್ದ ಒಬ್ಬ ರೈಲ್ವೆ ನೌಕರರದು. ಮೇಲಿನ ಕೋಣೆಯಿಂದ ನಡೆಯುತ್ತಿದ್ದುದನ್ನು ಕಂಡ ಅವರು, ಲೋಕಲ್ ಗಾಡಿಗಳಿಂದ ಇಳಿದು ಬರುತ್ತಿದ್ದ ಜನರಿಗೆ ಇತ್ತ ಬರಬೇಡಿ, ಹಿಂದಿನ ಕಡೆಯಿಂದ ಹೊರಟುಹೋಗಿ ಎಂದು ಮೈಕಿನಲ್ಲಿ ಮತ್ತೆ ಮತ್ತೆ ಕೂಗಿ ಹೇಳಿದರು. ಎಷ್ಟೋ ಮಂದಿ ಆ ಧ್ವನಿಯಿಂದ ಬದುಕಿಕೊಂಡರು. "ಅದರ ಫೋಟೋ ಇಲ್ಲವಾ ಸಾರ್?" ಎಂದ ಹಿಂದಿನ ಬೆಂಚಿನವನು. ಧ್ವನಿಗೆ ಫೋಟೋ ಎಲ್ಲಿಂದ ಬರಬೇಕು ಎಂದೆ. ಬದುಕಿ ಮನೆಗೆ ಹೋದವರ ಫೋಟೋ ಯಾರು ತೆಗೆಯುತ್ತಾರೆ ಎಂದು ಆ ಹುಡುಗಿ ಸೇರಿಸಿದಳು. ಗಂಟೆ ಹೊಡೆಯಿತು.

ಆ ಸಂಜೆ ಮನೆಗೆ ಬಂದು ಹಳೆಯ ಕಡತದ ಪೆಟ್ಟಿಗೆಯನ್ನು ಕೆಳಗಿಳಿಸಿದೆ. 2008ರಲ್ಲಿ ನಾನು ಪತ್ರಿಕೆಗಳಿಂದ ಕತ್ತರಿಸಿ ಇಟ್ಟಿದ್ದ ತುಣುಕುಗಳು ಅದರಲ್ಲಿದ್ದವು; ಯಾವುದೋ ಕಾಲಕ್ಕೆ ಲೇಖನ ಬರೆಯುತ್ತೇನೆಂಬ ಭ್ರಮೆಯಿಂದ ಇಟ್ಟದ್ದು. ಗುಮ್ಮಟ ಇತ್ತು. ಬಂದೂಕು ಹಿಡಿದವನು ಇದ್ದ, ಹಳದಿಗಟ್ಟಿದ ಕಾಗದದಲ್ಲಿ ಅದೇ ನಡಿಗೆ ನಡೆಯುತ್ತ. ಆ ವಾರದಲ್ಲಿ ಒಂದು ದಿನ ಒಳಪುಟದಲ್ಲಿ ಸತ್ತವರ ಹೆಸರುಗಳ ಪಟ್ಟಿ ಸಣ್ಣ ಅಕ್ಷರದಲ್ಲಿ ಅಚ್ಚಾಗಿತ್ತು. ಅದರ ಮೇಲೆ ಕಣ್ಣಾಡಿಸಿದ್ದೂ ನೆನಪಿದೆ. ಪೆಟ್ಟಿಗೆಯನ್ನು ಎರಡು ಸಲ ಹುಡುಕಿದೆ. ನಾನು ಇಟ್ಟುಕೊಂಡಿದ್ದದ್ದು ಮೊದಲ ಪುಟಗಳನ್ನು. ಒಳಪುಟಗಳು ಆ ತಿಂಗಳ ಕೊನೆಗೆ ಹಳೇ ಪೇಪರಿನವನ ತಕ್ಕಡಿಗೆ ಹೋಗಿದ್ದವು.